ನಮ್ಮ ಮನೆಯ 47ನೇ ನಿಯಮ ನಿನ್ನೆ ಪಾಸಾಯಿತು, ನಾನೂ ಕೈ ಎತ್ತಿದೆ

ಆರನೇ ಬೀಗದಕೈ

ಆರು ಜನ ಒಂದೇ ಮನೆಯಲ್ಲಿ ಬಾಡಿಗೆಗಿದ್ದೇವೆ. ಆರು ರೂಮು, ಎರಡು ಬಚ್ಚಲು, ಒಂದು ಅಡುಗೆಮನೆ, ಒಂದು ಫ್ರಿಜ್. ನಾನು ಬಂದ ದಿನ ಫ್ರಿಜ್ ಬಾಗಿಲ ಮೇಲೆ ಒಂದು ಚೀಟಿ ಅಂಟಿಸಿತ್ತು. ಮೂರೇ ಸಾಲು. ನಿಮ್ಮ ಪಾತ್ರೆ ನೀವು ತೊಳೆಯಿರಿ. ಕಸದ ಪಾಳಿ ತಪ್ಪಿಸಬೇಡಿ. ಕೊನೆಗೆ ಮಲಗುವವರು ಬಾಗಿಲು ನೋಡಿ.

ಆ ಚೀಟಿ ಈಗ ನಾಲ್ಕು ಹಾಳೆ ಆಗಿದೆ. ಲ್ಯಾಮಿನೇಟ್ ಬೇರೆ ಮಾಡಿಸಿದ್ದಾರೆ. ಫ್ರಿಜ್ ತೆರೆದರೆ ಹಾಳೆಗಳು ಪಟಪಟ ಅಂತ ಬಡಿದುಕೊಳ್ಳುತ್ತವೆ. ಅದಕ್ಕೂ ಒಂದು ನಿಯಮ ಬಂತು. ನಿಯಮ 33: ನಿಯಮಗಳಿಗೆ ಧಕ್ಕೆಯಾಗದಂತೆ ಫ್ರಿಜ್ ಬಾಗಿಲನ್ನು ನಿಧಾನವಾಗಿ ತೆರೆಯಬೇಕು.

ಉಪ್ಪು ಖಾರ ಹಚ್ಚಿ ಹೇಳುತ್ತಿದ್ದೇನೆ ಅಂದುಕೊಳ್ಳಬೇಡಿ. ಹಾಳೆ ಎದುರಿಗಿಟ್ಟುಕೊಂಡೇ ಟೈಪ್ ಮಾಡುತ್ತಿದ್ದೇನೆ. ನಿಯಮ 9: ತೊಳೆದ ಲೋಟವನ್ನು ಬೋರಲು ಹಾಕಬೇಕು. 9(ಅ): ಹಿಡಿ ಇರುವ ಲೋಟವಾದರೆ ಹಿಡಿ ಬಲಕ್ಕಿರಬೇಕು. ನಮ್ಮಲ್ಲೊಬ್ಬರು ಎಡಗೈಯವರು. ಅವರು ತಕರಾರು ತೆಗೆದರು. ಒಂದು ಭಾನುವಾರ ಪೂರ್ತಿ ಅದರ ಮೇಲೇ ಹೋಯಿತು. ಕೊನೆಗೆ 9(ಆ) ಹುಟ್ಟಿತು: ಎಡಗೈಯವರು ತಮ್ಮ ಲೋಟದ ಹಿಡಿಯನ್ನು ಎಡಕ್ಕಿಡಬಹುದು, ಆದರೆ ಸಭೆ ನಡೆಯುವ ದಿನ ಎಲ್ಲರಂತೆ ಬಲಕ್ಕಿಡಬೇಕು.

ನಿಯಮ 22: ರಾತ್ರಿ 10ರ ನಂತರ ಅಡುಗೆಮನೆಯಲ್ಲಿ ಬಾಯಿ ಮುಚ್ಚಿಕೊಂಡು ನಗಬೇಕು. ನಿಯಮ 25: ಅತಿಥಿ ಬರುವ ವಿಷಯ 48 ಗಂಟೆ ಮೊದಲೇ ತಿಳಿಸಬೇಕು, ಹೇಳದೆ ಬಂದವರಿಗೆ 48 ಗಂಟೆ ಬಿಟ್ಟು ಬರಲು ಹೇಳಬೇಕು. ನಿಯಮ 36: ಸಭೆಗೆ ಬಾರದವರು ಒಪ್ಪಿದ್ದಾರೆ ಎಂದೇ ಲೆಕ್ಕ; ಬಂದು ಸುಮ್ಮನೆ ಕೂತವರೂ ಅಷ್ಟೇ. ನಿಯಮ 38: ಹಾಲ್‌ನ ಕಿಟಕಿ ಪಕ್ಕದ ಕುರ್ಚಿಯನ್ನು ಯಾರೂ ಕದಲಿಸಬಾರದು. ಕುರ್ಚಿಯ ಸುತ್ತ ಗುಡಿಸುತ್ತೇವೆ. ಯಾಕೆ ಅಂತ ನನಗೆ ಗೊತ್ತಿಲ್ಲ.

ನಿನ್ನೆ 47ನೆಯದು. ಎಲ್ಲ ರೂಮಿನ ಕಿಟಕಿ ಪರದೆಯೂ ಬೂದು ಬಣ್ಣದ್ದೇ ಆಗಿರಬೇಕು. ಹೊರಗೆ ನಿಂತು ನೋಡಿದರೆ ಮನೆಗೆ ಒಂದೇ ಮುಖ ಕಾಣಬೇಕಂತೆ. ನನ್ನ ರೂಮಿನಲ್ಲಿ ಹಳದಿ ಪರದೆ ಇದೆ. ಬೆಳಗ್ಗೆ ಬಿಸಿಲು ಬಿದ್ದರೆ ಗೋಡೆಗೆಲ್ಲ ಅರಿಶಿನ ಬಳಿದ ಹಾಗೆ ಇರುತ್ತದೆ. ನನಗೆ ಅದು ಪ್ರಾಣ. "ಒಪ್ಪುವವರು ಕೈ ಎತ್ತಿ" ಅಂದರು. ಐದು ಕೈ ಮೇಲೆ ಹೋದವು. ಆರನೆಯದು ನನ್ನದು. ಅದೂ ಹೋಯಿತು. ಹೇಗೆ ಹೋಯಿತೋ!

ಇಷ್ಟರ ಮಧ್ಯೆ ಸಿಂಕ್ ಕೆಳಗಿನ ಪೈಪು ಸೋರುತ್ತಿದೆ. ಮೂರು ತಿಂಗಳಾಯಿತು. ಕೆಳಗೆ ಬಕೆಟ್ ಇಟ್ಟಿದ್ದೇವೆ. ಬಕೆಟ್ ಯಾವ ದಿನ ಯಾರು ಚೆಲ್ಲಬೇಕು ಅನ್ನುವುದಕ್ಕೆ ನಿಯಮ ಇದೆ (28), ಸಹಿ ಹಾಕುವ ಪುಸ್ತಕ ಇದೆ. ಪೈಪು ಸರಿ ಮಾಡಿಸುವುದಕ್ಕೆ ಮಾತ್ರ ಏನೂ ಇಲ್ಲ.

ನಿಮ್ಮ ಮನೆಗಳಲ್ಲೂ ಹೀಗೇನಾ?

ಹಳೇ ಹಾಸ್ಟೆಲಿಗ

ನಗಬೇಕೋ ಅಳಬೇಕೋ ಗೊತ್ತಾಗಲಿಲ್ಲ. 10 ಗಂಟೆ ದಾಟಿದೆ, ಬಾಯಿ ಮುಚ್ಚಿಕೊಂಡೇ ನಕ್ಕೆ.

ನಮ್ಮ ಹಾಸ್ಟೆಲ್‌ನಲ್ಲಿ ರಾತ್ರಿ ರೂಮಿನ ದೀಪ ಉರಿಸಬಾರದು ಅಂತ ಇತ್ತು. ಪರೀಕ್ಷೆ ಹತ್ತಿರ ಬಂದಾಗ ಎಲ್ಲರೂ ಪಡಸಾಲೆಯ ದೀಪದ ಕೆಳಗೆ ಕೂತು ಓದಲು ಶುರು ಮಾಡಿದೆವು. ಪಡಸಾಲೆಯಲ್ಲಿ ಕೂರಬಾರದು ಅಂತ ನೋಟಿಸ್ ಬಂತು. ಕೂರಬಾರದು ಅಂತ ತಾನೇ ಇರುವುದು? ನಿಂತೆವು. ಹನ್ನೊಂದು ಜನ, ಗೋಡೆಗೆ ಒರಗಿ, ಸಾಲಾಗಿ. ವಾರ್ಡನ್ ಬಂದು ನೋಡಿದರು. ನೋಟಿಸ್ ಓದಿದರು. ನಮ್ಮನ್ನು ಮತ್ತೊಮ್ಮೆ ನೋಡಿದರು. ಮಾರನೇ ದಿನ ಹೊಸ ನೋಟಿಸ್: ಗೋಡೆಗೆ ಒರಗಬಾರದು, ಸುಣ್ಣ ಹಾಳಾಗುತ್ತದೆ.

ಅವರು ಚಾಪೆ ಕೆಳಗೆ ತೂರಿದರೆ ನಾವು ರಂಗೋಲಿ ಕೆಳಗೆ ತೂರುತ್ತಿದ್ದೆವು. ಓದಿದ್ದಕ್ಕಿಂತ ತೂರಿದ್ದೇ ಜಾಸ್ತಿ.

ಒಬ್ಬನೇ ಇರೋನು

ನಾನು ಒಬ್ಬನೇ ಇದ್ದೇನೆ. ನಮ್ಮ ಮನೆಯಲ್ಲಿ ಇರುವುದು ಒಂದೇ ನಿಯಮ. ಅದನ್ನೂ ನಾನೇ ಮುರಿಯುತ್ತೇನೆ.

ಎರಡನೇ ಮಹಡಿ

ಆರು ಜನಕ್ಕೇ ಇಷ್ಟಾದರೆ ನಮ್ಮದು 80 ಮನೆಗಳ ಅಪಾರ್ಟ್‌ಮೆಂಟ್, ಯೋಚನೆ ಮಾಡಿ. ಬಾಗಿಲ ಮುಂದಿನ ಕಾಲೊರಸಿಗೆ ಅಳತೆ ನಿಗದಿ ಮಾಡಿದ್ದಾರೆ. ಬಣ್ಣ ಕಂದು. ಒಂದು ದಿನ ಸಂಘದ ಇಬ್ಬರು ಟೇಪು ಹಿಡಿದು ಬಂದರು. ಒಬ್ಬರು ಬಗ್ಗಿ ಅಳೆದರು, ಇನ್ನೊಬ್ಬರು ಬರೆದುಕೊಂಡರು. ನನ್ನದು ಎರಡು ಸೆಂಟಿಮೀಟರ್ ಉದ್ದ ಬಂತು. "ಮೇಡಂ, ತುದಿ ಮಡಚಿಬಿಡಿ" ಅಂದರು. ಮಡಚಿದೆ. ಮಡಚಿದ ತುದಿಗೆ ಅದೇ ವಾರ ಒಬ್ಬರು ಎಡವಿದರು. ಈಗ ಮಡಚಿದ ಕಾಲೊರಸಿಗೂ ನಿಷೇಧ ಬಂದಿದೆ. ನನ್ನದನ್ನು ಒಳಗೆ ಹಾಸಿಕೊಂಡಿದ್ದೇನೆ. ಕಾಲು ಒರಸಿಕೊಳ್ಳಬೇಕಾದರೆ ಒಳಗೆ ಬರಬೇಕು.

ಎಡವಿದವರು ಯಾರು ಅಂತ ಕೇಳಲೇ ಇಲ್ಲ ನೀವು. ಟೇಪು ಹಿಡಿದಿದ್ದರಲ್ಲ, ಅವರೇ.

ನಲ್ಲಿ ರಿಪೇರಿ

ಪರದೆ ಬಣ್ಣ ಹಾಗಿರಲಿ. ಸೋರುತ್ತಿರುವುದು ಎಲ್ಲಿ? ಸಿಂಕ್ ಕೆಳಗೆ ಬಾಗಿದ ಪೈಪು ಇರುತ್ತದಲ್ಲ, ಅಲ್ಲಾ? ಪ್ಲಾಸ್ಟಿಕ್ಕಿನದ್ದಾದರೆ ಅದರ ನಟ್ಟು ಕೈಯಲ್ಲೇ ಬಿಚ್ಚುತ್ತದೆ. ಒಳಗೆ ಒಂದು ರಬ್ಬರ್ ವಾಷರ್ ಇರುತ್ತದೆ. ಹಳತಾದರೆ ಗಟ್ಟಿಯಾಗಿ ಸೀಳು ಬಿಡುತ್ತದೆ. ಅದೇ ಅಳತೆಯ ಹೊಸದು ತಂದು ಹಾಕಿ, ನಟ್ಟು ಬಿಗಿ ಮಾಡಿ. ಹತ್ತು ನಿಮಿಷದ ಕೆಲಸ. ಬಿಚ್ಚುವ ಮುಂಚೆ ಬಕೆಟ್ ತೆಗೆಯಬೇಡಿ, ಆ ಬಾಗಿನಲ್ಲಿ ಯಾವಾಗಲೂ ನೀರು ನಿಂತಿರುತ್ತದೆ. ಚರಂಡಿ ವಾಸನೆ ಮೇಲೆ ಬರದಿರಲಿ ಅಂತಲೇ ಅದನ್ನು ಬಾಗಿಸಿರುವುದು.

ಆರನೇ ಬೀಗದಕೈ

ಥ್ಯಾಂಕ್ಸ್ ಸರ್. ಆದರೆ ನಿಯಮ 19 ಇದೆ: ಮನೆಯ ಯಾವ ವಸ್ತುವನ್ನೂ ಒಬ್ಬರೇ ಬಿಚ್ಚಬಾರದು. ಇಬ್ಬರು ಇರಬೇಕು, ಸಭೆಯ ಒಪ್ಪಿಗೆಯೂ ಬೇಕು.

ನಲ್ಲಿ ರಿಪೇರಿ

ಹಾಗಾದರೆ ಸಭೆಯಲ್ಲಿ ಕೇಳಿ.

ಆರನೇ ಬೀಗದಕೈ

ಮೂರು ಸಲ ಪಟ್ಟಿಯಲ್ಲಿತ್ತು. ಕೊನೆಯ ವಿಷಯ ಅಂತ ಹಾಕಿದ್ದರು. ಒಂದು ಸಲವೂ ಅಲ್ಲಿಗೆ ತಲುಪಲಿಲ್ಲ.

ಓದಿ ಮರೆಯೋಳು

ತಲುಪುವುದಿಲ್ಲ. ಇದನ್ನು ಪಾರ್ಕಿನ್ಸನ್ ಅನ್ನುವ ಇಂಗ್ಲಿಷ್ ಲೇಖಕರು 1957ರಲ್ಲೇ ಬರೆದಿದ್ದಾರೆ. ಅವರು ಕಲ್ಪಿಸಿದ ಒಂದು ಸಮಿತಿ ಸಭೆಯಲ್ಲಿ ಅಣು ರಿಯಾಕ್ಟರ್ ಎರಡೂವರೆ ನಿಮಿಷದಲ್ಲಿ ಪಾಸಾಗುತ್ತದೆ. ಸೈಕಲ್ ನಿಲ್ಲಿಸುವ ಶೆಡ್ಡಿಗೆ 45 ನಿಮಿಷ ಹಿಡಿಯುತ್ತದೆ. ರಿಯಾಕ್ಟರ್ ಯಾರಿಗೂ ಅರ್ಥವಾಗುವುದಿಲ್ಲ, ಹಾಗಾಗಿ ಯಾರೂ ಬಾಯಿ ಬಿಡುವುದಿಲ್ಲ. ಶೆಡ್ಡು ಎಲ್ಲರಿಗೂ ಅರ್ಥವಾಗುತ್ತದೆ, ಎಲ್ಲರಿಗೂ ಒಂದು ಮಾತು ಇರುತ್ತದೆ.

ನಿಮ್ಮ ಪೈಪು ರಿಯಾಕ್ಟರ್ ಏನಲ್ಲ ಬಿಡಿ. ಆದರೆ ಪೈಪು ಸರಿಯಾಗಬೇಕಾದರೆ ಯಾರಾದರೂ ಎದ್ದು ಹೋಗಿ ವಾಷರ್ ತರಬೇಕು. ಪರದೆ ಬಣ್ಣಕ್ಕೆ ಕೂತಲ್ಲೇ ಬಾಯಿ ಆಡಿಸಿದರೆ ಸಾಕು.

ಸುಮ್ನೆ ಓದೋಳು

ಇಷ್ಟು ದಿನ ಸುಮ್ನೆ ಓದಿಕೊಂಡಿದ್ದೆ. ಆ ಆರನೇ ಕೈಯ ವಿಷಯಕ್ಕೆ ಬರೆಯಲೇಬೇಕು ಅನ್ನಿಸಿತು.

1951ರಲ್ಲಿ ಸಾಲೊಮನ್ ಆಶ್ ಅನ್ನುವ ಮನಶ್ಶಾಸ್ತ್ರಜ್ಞ ಒಂದು ಪರೀಕ್ಷೆ ಮಾಡಿದರು. ಒಂದು ಕಾರ್ಡಿನಲ್ಲಿ ಒಂದು ಗೆರೆ. ಇನ್ನೊಂದರಲ್ಲಿ ಉದ್ದ ಬೇರೆ ಬೇರೆ ಇರುವ ಮೂರು ಗೆರೆ. ಇವುಗಳಲ್ಲಿ ಯಾವುದು ಆ ಗೆರೆಗೆ ಸಮ? ಚಿಕ್ಕ ಮಗುವೂ ಹೇಳಬಹುದು. ಆದರೆ ರೂಮಿನಲ್ಲಿ ಇದ್ದವರಲ್ಲಿ ಒಬ್ಬರನ್ನು ಬಿಟ್ಟು ಉಳಿದವರೆಲ್ಲ ಆಶ್ ಕಡೆಯವರೇ. ಅವರು ಮೊದಲೇ ಮಾತಾಡಿಕೊಂಡು ಒಂದೇ ತಪ್ಪು ಉತ್ತರ ಹೇಳುತ್ತಿದ್ದರು. ಪಾಪ, ಆ ಒಬ್ಬರ ಸರದಿ ಬರುವಷ್ಟರಲ್ಲಿ ಕಣ್ಣಿನ ಮೇಲೇ ನಂಬಿಕೆ ಹೋಗಿರುತ್ತಿತ್ತು. ನಾಲ್ಕರಲ್ಲಿ ಮೂವರು ಒಮ್ಮೆಯಾದರೂ ಆ ತಪ್ಪಿಗೇ ತಲೆಯಾಡಿಸಿದರು.

ನನಗೆ ಇಷ್ಟವಾಗಿದ್ದು ಮುಂದಿನದು. ಗುಂಪಿನಲ್ಲಿ ಇನ್ನೊಬ್ಬ ಸರಿ ಉತ್ತರ ಹೇಳಿಬಿಟ್ಟರೆ ಈ ತಲೆಯಾಡಿಸುವುದು ಭಾರಿ ಕಡಿಮೆಯಾಗುತ್ತಿತ್ತು. ಒಬ್ಬರು ಸಾಕು.

ಬೀಗದಕೈಯವರೇ, ನಿಮ್ಮ ಹಾಗೆ ಆ ಬೂದು ಬಣ್ಣ ಬೇಡವಾಗಿದ್ದವರು ಅಲ್ಲಿ ಇನ್ನೊಬ್ಬರು ಇದ್ದಿರಬಹುದು, ಅಲ್ವಾ? ಅವರು ನಿಮ್ಮ ಕೈ ನೋಡುತ್ತಿದ್ದರೇನೋ.

ಬೇಜಾರಾದೋನು

ಇಷ್ಟೆಲ್ಲ ಬರೆಯುವ ಬದಲು ಮನೆ ಬದಲಾಯಿಸಿ. ಮುಗೀತು.

ಆರನೇ ಬೀಗದಕೈ

ನಿಯಮ 44: ಮನೆ ಬಿಡುವವರು 47 ನಿಯಮಕ್ಕೂ ಸಹಿ ಹಾಕಲು ಒಪ್ಪುವ ಒಬ್ಬರನ್ನು ತಮ್ಮ ಬದಲಿಗೆ ತರಬೇಕು. ಹುಡುಕುತ್ತಿದ್ದೇನೆ. ನೀವು ಬರುತ್ತೀರಾ?

ಪಾಳಿ ಪುಸ್ತಕ

ಎಲ್ಲರೂ ನಗುತ್ತಿದ್ದೀರಿ, ನಗಿ. ನಾನು ನಿಯಮದ ಪರ.

ನಿಯಮವೇ ಇಲ್ಲದ ಮನೆಯಲ್ಲಿ ಎರಡು ವರ್ಷ ಇದ್ದೆ. "ನಾವೆಲ್ಲ ದೊಡ್ಡವರು, ಇದೆಲ್ಲ ಯಾಕೆ?" ಅಂದುಕೊಂಡು ಶುರು ಮಾಡಿದ್ದು. ನಾಲ್ಕು ಜನ. ನಿಯಮ ಇರಲಿಲ್ಲ ಅನ್ನುವುದು ಸುಳ್ಳು. ಇತ್ತು, ಬರೆದಿರಲಿಲ್ಲ ಅಷ್ಟೇ. ಜೋರು ದನಿ ಇದ್ದವನು ಹೇಳಿದ್ದೇ ನಿಯಮ. ಪಾತ್ರೆಯ ರಾಶಿ ನೋಡಿ ಯಾರಿಗೆ ಮೊದಲು ತಡೆಯಲಾಗುವುದಿಲ್ಲವೋ ಅವರೇ ತೊಳೆಯಬೇಕು. ಎಂಟು ತಿಂಗಳು ನಾನೇ ತೊಳೆದೆ.

ಒಂದು ದಿನ ಎಲ್ಲರೂ ಮನೆಕೆಲಸದಲ್ಲಿ ತಮ್ಮ ಪಾಲು ನೂರಕ್ಕೆ ಎಷ್ಟು ಅಂತ ಚೀಟಿಯಲ್ಲಿ ಬರೆಯೋಣ ಅಂದೆ. ನಾಲ್ಕು ಚೀಟಿ ಕೂಡಿದರೆ 190 ಬಂತು. ಸುಳ್ಳು ಬರೆದಿದ್ದಾರೆ ಅಂತ ಉರಿದುಕೊಂಡೆ. ಆಮೇಲೆ ಗೊತ್ತಾಯಿತು, ರಾಸ್ ಮತ್ತು ಸಿಕೋಲಿ ಅನ್ನುವವರು 1979ರಲ್ಲೇ ಗಂಡ ಹೆಂಡಿರನ್ನು ಕೂರಿಸಿ ಇದನ್ನು ಕೇಳಿದ್ದಾರೆ. ಅಲ್ಲೂ ಇಬ್ಬರದ್ದು ಕೂಡಿದರೆ ನೂರು ದಾಟಿತ್ತು. ನಾವು ಮಾಡಿದ್ದು ನಮಗೆ ನೆನಪಿರುತ್ತದೆ. ಅವರು ಮಾಡುವಾಗ ನಾವು ಅಲ್ಲಿ ಇರುವುದಿಲ್ಲ. ನನ್ನ ಚೀಟಿಯಲ್ಲಿ 70 ಅಂತ ಇತ್ತು. ಈಗ ಕೇಳಿದರೆ 60 ಅನ್ನುತ್ತೇನೆ, ಅದಕ್ಕಿಂತ ಕೆಳಗೆ ಇಳಿಯುವುದಿಲ್ಲ.

ಆಮೇಲೆ ದಂಡ ಇಟ್ಟೆವು. ಪಾತ್ರೆ ತೊಳೆಯದಿದ್ದರೆ ದಿನಕ್ಕಿಷ್ಟು. ಒಬ್ಬ ಮಹಾಶಯ ತಿಂಗಳ ಒಂದನೇ ತಾರೀಖಿಗೇ ಮೂವತ್ತು ದಿನದ ದಂಡ ಎಣಿಸಿ ಮೇಜಿನ ಮೇಲಿಟ್ಟ. "ಇನ್ನು ನನ್ನನ್ನು ಕೇಳಬೇಡಿ" ಅಂದ. ಅಲ್ಲಿಯವರೆಗೆ ಅವನಿಗೆ ಸ್ವಲ್ಪ ನಾಚಿಕೆಯಾದರೂ ಇತ್ತು. ದುಡ್ಡು ಕೊಟ್ಟು ಅದನ್ನೂ ಕಳೆದುಕೊಂಡ.

ಓದಿ ಮರೆಯೋಳು

ಇದು ಅಕ್ಷರಶಃ ನಡೆದಿದೆ! ಇಸ್ರೇಲ್‌ನ ಹೈಫಾದಲ್ಲಿ ಶಿಶುವಿಹಾರಗಳ ಮೇಲೆ ಗ್ನೀಝಿ ಮತ್ತು ರುಸ್ಟಿಕೀನಿ ಮಾಡಿದ ಅಧ್ಯಯನ, 2000ದಲ್ಲಿ ಪ್ರಕಟವಾಯಿತು. ಸಂಜೆ ಮಗುವನ್ನು ಕರೆದೊಯ್ಯಲು ತಡವಾಗಿ ಬರುವ ಅಪ್ಪ ಅಮ್ಮಂದಿರಿಗೆ ದಂಡ ಹಾಕಿದರು. ತಡವಾಗಿ ಬರುವವರು ಸುಮಾರು ಎರಡರಷ್ಟಾದರು. ಮೊದಲು ಟೀಚರ್ ಮುಖ ನೋಡಲು ಸಂಕೋಚ ಇತ್ತು. ಈಗ ದುಡ್ಡು ಕೊಟ್ಟಿದ್ದೇವಲ್ಲ! ದಂಡ ತೆಗೆದುಹಾಕಿದ ಮೇಲೂ ಹಳೇ ಸಂಕೋಚ ವಾಪಸ್ ಬರಲಿಲ್ಲ.

ನಿರ್ವಾಹಕರು

ಚರ್ಚೆ ಚೆನ್ನಾಗಿದೆ. ಆದರೆ ಪೈಪ್ ರಿಪೇರಿಗೆ ಬೇರೆ ವಿಭಾಗ ಇದೆ. ದಯವಿಟ್ಟು ಆ ವಿಷಯ ಇಲ್ಲಿ ಬೇಡ. ಪರದೆಯ ಬಣ್ಣದ ಬಗ್ಗೆ ಮುಂದುವರಿಸಬಹುದು.

ನಲ್ಲಿ ರಿಪೇರಿ

ಸರಿ ಸ್ವಾಮಿ.

ಹಳೇ ಕಥೆ ಹೇಳೋನು

ಬಚ್ಚಲಿನ ಜಗಳ ನಮ್ಮ ಕಾಲದ್ದು ಅಂದುಕೊಂಡಿದ್ದೀರಾ? ಎರಡು ಕಥೆ ಹೇಳುತ್ತೇನೆ. ಎರಡೂ ಬೌದ್ಧ ಭಿಕ್ಷುಗಳವು. ಒಟ್ಟಿಗೆ ಬಾಳುವುದಕ್ಕೆ ಅವರಷ್ಟು ನಿಯಮ ಬರೆದಿಟ್ಟವರು ಕಡಿಮೆ. ಥೇರವಾದ ಅನ್ನುವ ಬೌದ್ಧ ಪಂಥದ ಭಿಕ್ಷುಗಳಿಗೆ 227 ನಿಯಮ. ನಿಮ್ಮ 47 ಯಾವ ಲೆಕ್ಕ? ಹದಿನೈದು ದಿನಕ್ಕೊಮ್ಮೆ ಎಲ್ಲರೂ ಸೇರಿ ಅಷ್ಟನ್ನೂ ಪಠಿಸುತ್ತಾರೆ.

ಮೊದಲನೆಯದು ಕೌಶಾಂಬಿಯಲ್ಲಿ ನಡೆದದ್ದು. ಒಬ್ಬ ಭಿಕ್ಷು ಶೌಚಕ್ಕೆ ಹೋದವರು ಪಾತ್ರೆಯಲ್ಲಿ ಸ್ವಲ್ಪ ನೀರು ಉಳಿಸಿ ಬಂದರು. ಅವರ ಹಿಂದೆ ಹೋದವರು ವಿನಯ ಬಲ್ಲವರು, ಅಂದರೆ ನಿಯಮ ಪಂಡಿತರು. "ನೀರು ಉಳಿಸಿದ್ದು ನೀವಾ? ಇದು ತಪ್ಪು ಅಂತ ಗೊತ್ತಿಲ್ಲವಾ?" ಇವರು ಗೊತ್ತಿರಲಿಲ್ಲ, ಪ್ರಾಯಶ್ಚಿತ್ತ ಮಾಡಿಕೊಳ್ಳುತ್ತೇನೆ ಅಂದರು. ಗೊತ್ತಿಲ್ಲದೆ ಮಾಡಿದ್ದಾದರೆ ತಪ್ಪಲ್ಲ ಬಿಡಿ ಅಂದರು ಅವರು. ಅಲ್ಲಿಗೆ ಮುಗಿಯಬೇಕಿತ್ತು. ಆದರೆ ಪಂಡಿತರು ಆಮೇಲೆ ತಮ್ಮ ಶಿಷ್ಯರ ಹತ್ತಿರ ಹೇಳಿದರು: ಅವರು ತಪ್ಪು ಮಾಡಿದ್ದಾರೆ, ಅದು ಅವರಿಗೆ ತಿಳಿದೂ ಇಲ್ಲ. ಶಿಷ್ಯರು ಹೋಗಿ ಆ ಕಡೆಯ ಶಿಷ್ಯರಿಗೆ ಹೇಳಿದರು. ಸಂಘವೇ ಎರಡು ಹೋಳಾಯಿತು. ಬುದ್ಧ ಬಂದು ಸಮಾಧಾನ ಹೇಳಿದರೆ, ನೀವು ಸುಮ್ಮನೆ ನೆಮ್ಮದಿಯಾಗಿರಿ, ನಮ್ಮ ಜಗಳ ನಾವು ನೋಡಿಕೊಳ್ಳುತ್ತೇವೆ ಅನ್ನುವ ಅರ್ಥದ ಉತ್ತರ ಬಂತು. ಬುದ್ಧ ಎದ್ದು ಪಾರಿಲೇಯಕ ಕಾಡಿಗೆ ಹೋಗಿಬಿಟ್ಟರು. ಅಲ್ಲಿ ಒಂದು ಆನೆ ಅವರ ಸೇವೆ ಮಾಡಿತು ಅನ್ನುತ್ತದೆ ಕಥೆ. ಆನೆಯೂ ತನ್ನ ಹಿಂಡಿನ ಕಾಟ ತಡೆಯಲಾರದೆ ಒಂಟಿಯಾಗಿ ಬಂದಿತ್ತಂತೆ! ಕೊನೆಗೆ ಜಗಳ ನಿಂತಿದ್ದು ಊರಿನ ಜನ ಭಿಕ್ಷೆ ನಿಲ್ಲಿಸಿದಾಗ.

ಎರಡನೆಯದು ನನಗೆ ಇನ್ನೂ ಇಷ್ಟ. ಕೊನೆಗಾಲದಲ್ಲಿ ಬುದ್ಧ ತಮ್ಮ ಶಿಷ್ಯ ಆನಂದನಿಗೆ ಹೇಳಿದರು: ನಾನು ಹೋದ ಮೇಲೆ ಸಂಘಕ್ಕೆ ಬೇಕೆನಿಸಿದರೆ ಚಿಕ್ಕಪುಟ್ಟ ನಿಯಮಗಳನ್ನು ಬಿಟ್ಟುಬಿಡಬಹುದು. ಚಿಕ್ಕಪುಟ್ಟವು ಅಂದರೆ ಯಾವುವು ಅಂತ ಆನಂದ ಕೇಳಲಿಲ್ಲ. ಆಮೇಲೆ ರಾಜಗೃಹದಲ್ಲಿ ಸಭೆ ಸೇರಿದಾಗ ಎಲ್ಲರೂ ಆನಂದನಿಗೆ ತಿರುಗಿಬಿದ್ದರು, ಯಾಕೆ ಕೇಳಲಿಲ್ಲ ಅಂತ. ಒಬ್ಬರು ಇಷ್ಟು ಚಿಕ್ಕವು ಅಂದರು, ಇನ್ನೊಬ್ಬರು ಅಷ್ಟು ಅಂದರು. ಒಮ್ಮತ ಬರಲಿಲ್ಲ. ಹಿರಿಯ ಭಿಕ್ಷು ಮಹಾಕಾಶ್ಯಪರು ಒಂದನ್ನೂ ಬಿಡುವುದು ಬೇಡ, ಹೊಸದು ಸೇರಿಸುವುದೂ ಬೇಡ ಅಂದರು. ಎಲ್ಲವೂ ಉಳಿದವು.

ಇನ್ನೊಂದು ಮಾತು. ಆ 227ರಲ್ಲಿ ಯಾವುದನ್ನೂ ಬುದ್ಧ ಮೊದಲೇ ಕೂತು ಬರೆದದ್ದಲ್ಲ. ಯಾರೋ ಏನೋ ಮಾಡಿದರು, ದೂರು ಬಂತು, ನಿಯಮ ಆಯಿತು. ವಿನಯದಲ್ಲಿ ನಿಯಮದ ಜೊತೆಗೆ ಆ ಘಟನೆಯನ್ನೂ ಬರೆದಿಟ್ಟಿದ್ದಾರೆ. ನಿಮ್ಮ ಲ್ಯಾಮಿನೇಟ್ ಹಾಳೆಯಲ್ಲಿ ನಿಯಮ ಇದೆ, ಘಟನೆ ಇಲ್ಲ. ಒಂದು ಭಾನುವಾರ ಪೆನ್ಸಿಲ್ ಹಿಡಿದು ಕೂರಿ. ಯಾವುದು ಚಿಕ್ಕದು ಅಂತ ಎಲ್ಲರೂ ಗುರುತು ಹಾಕಿ. ರಾಜಗೃಹದಲ್ಲಿ ಆದದ್ದೇ ನಿಮ್ಮಲ್ಲೂ ಆಗುತ್ತದೆ ಅಂತ ನನ್ನ ಪಣ.

ಪಾಳಿ ಪುಸ್ತಕ

ಒಳ್ಳೆಯ ನಿಯಮವೂ ಇರುತ್ತದೆ ಅನ್ನುವುದನ್ನು ಯಾರೂ ಹೇಳುತ್ತಿಲ್ಲ. ಸ್ವಿಟ್ಜರ್ಲೆಂಡಿನಲ್ಲಿ ತೊರ್ಬೆಲ್ ಅಂತ ಒಂದು ಹಳ್ಳಿ ಇದೆ. ಬೆಟ್ಟದ ಹುಲ್ಲುಗಾವಲು ಊರಿಗೆಲ್ಲ ಸೇರಿದ್ದು. 1517ರಲ್ಲಿ ಬರೆದಿಟ್ಟ ನಿಯಮ: ಚಳಿಗಾಲದಲ್ಲಿ ನಿನ್ನ ಕೊಟ್ಟಿಗೆಯಲ್ಲಿ ಎಷ್ಟು ಹಸು ಸಾಕಬಲ್ಲೆಯೋ ಅಷ್ಟನ್ನೇ ಬೇಸಿಗೆಯಲ್ಲಿ ಬೆಟ್ಟಕ್ಕೆ ಬಿಡು. ಒಂದೇ ಸಾಲು. ಹುಲ್ಲು ನೂರಾರು ವರ್ಷ ಉಳಿಯಿತು. ಇಂಥವನ್ನು ಊರೂರಲ್ಲಿ ಹುಡುಕಿ ಅಭ್ಯಾಸ ಮಾಡಿದ ಎಲಿನಾರ್ ಆಸ್ಟ್ರಮ್ ಅವರಿಗೆ 2009ರಲ್ಲಿ ಅರ್ಥಶಾಸ್ತ್ರದ ನೊಬೆಲ್ ಬಂತು. ಆ ವಿಷಯದಲ್ಲಿ ನೊಬೆಲ್ ಪಡೆದ ಮೊದಲ ಹೆಂಗಸು. ಬಳಸುವವರೇ ನಿಯಮ ಮಾಡಬೇಕು, ಮೊದಲ ತಪ್ಪಿಗೆ ಸಣ್ಣ ಶಿಕ್ಷೆ ಇರಬೇಕು, ಜಗಳ ಬಂದರೆ ಖರ್ಚಿಲ್ಲದೆ ಬೇಗ ತೀರುವ ಜಾಗ ಇರಬೇಕು. ಅವರು ಕಂಡದ್ದು ಇಂಥವು.

ಒಬ್ಬನೇ ಇರೋನು

ಹಸುವಿಗೂ ಲೋಟದ ಹಿಡಿಗೂ ಏನು ಸಂಬಂಧ?

ಪಾಳಿ ಪುಸ್ತಕ

ಹಸು ಮೇಯುವುದು ಎಲ್ಲರ ಹುಲ್ಲನ್ನು. ಲೋಟದ ಹಿಡಿ ಯಾವ ಕಡೆ ಇದ್ದರೂ ಯಾರ ಹುಲ್ಲೂ ಕಡಿಮೆಯಾಗುವುದಿಲ್ಲ. ಅದೇ ಸಂಬಂಧ.

ಪಟ್ಟಿ ಬರೆಯೋಳು

ಫ್ರಿಜ್ ಬಾಗಿಲು. 33ನೇ ನಿಯಮ. ಹಳದಿ ಪರದೆ. ನೀವು ಯಾರು ಅಂತ ಗೊತ್ತಾಯಿತು. ನಾನು ನಿಮ್ಮ ಪಕ್ಕದ ರೂಮಿನವಳು. ಆ ನಾಲ್ಕು ಹಾಳೆ ಟೈಪ್ ಮಾಡಿದವಳು.

ಸಿಟ್ಟಿಲ್ಲ. ಓದಿ ನಾನೂ ನಕ್ಕೆ. ಆದರೆ ಒಂದು ವಿಷಯ ಹೇಳಲೇಬೇಕು. ಆ 47ರಲ್ಲಿ ನನ್ನವು ಎರಡೇ. ಉಳಿದವು ನೀವೆಲ್ಲ ಒಬ್ಬೊಬ್ಬರಾಗಿ ನನ್ನ ರೂಮಿನ ಬಾಗಿಲು ತಟ್ಟಿ ಹೇಳಿದವು. ಎಲ್ಲರೂ ಹೆಚ್ಚು ಕಡಿಮೆ ಒಂದೇ ಮಾತು: "ನಾನು ಹೇಳಿದೆ ಅನ್ನಬೇಡಿ. ಸುಮ್ನೆ ಒಂದು ನಿಯಮ ಅಂತ ಹಾಕಿಬಿಡಿ." ಒಬ್ಬರು ಇನ್ನೊಬ್ಬರ ಬಾಗಿಲು ತಟ್ಟಿ ಹೇಳುವ ಬದಲು ನನ್ನ ಬಾಗಿಲು ತಟ್ಟುತ್ತಿದ್ದರು. ಹೆಸರು ಬರೆಯಬಾರದು ಅಂದಿರಿ, ಬರೆಯಲಿಲ್ಲ. ಒಬ್ಬರಿಗೆ ಅಂತ ಹೇಳಬಾರದು ಅಂದಿರಿ, "ಎಲ್ಲರೂ" ಅಂತ ಹಾಕಿದೆ. ಮನೆಯಲ್ಲಿ ಬಚ್ಚಲಲ್ಲಿ ಹಾಡುವವರು ಒಬ್ಬರೇ. ನಿಯಮ 12 ಮಾತ್ರ ಆರೂ ಜನಕ್ಕೆ.

ನಿಯಮ 12 ಯಾರು ಹೇಳಿದ್ದು ಅಂತ ಇಲ್ಲಿ ಬರೆಯುವುದಿಲ್ಲ. ಅವರೇ ಬರೆಯಲಿ.

ಆಮೇಲೆ, ಬೂದು ಬಣ್ಣ ನನಗೂ ಇಷ್ಟ ಇಲ್ಲ. ನೀವೆಲ್ಲ ಕೈ ಎತ್ತಿದಿರಿ ಅಂತ ಎತ್ತಿದೆ.

ಹಳೇ ಹಾಸ್ಟೆಲಿಗ

ಅಯ್ಯೋ ಶಿವನೇ.

ಆರನೇ ಬೀಗದಕೈ

12 ನನ್ನದು.

ಬೆಳಗ್ಗೆ ಆರಕ್ಕೆ, ದಿನಾ ಅದೇ ಹಾಡು, ಅದೂ ಎರಡೇ ಸಾಲು, ಮುಂದಿನದು ಬರುವುದಿಲ್ಲ ಅವರಿಗೆ. ಹೇಳಲು ಮುಜುಗರ ಆಯಿತು.

ಬೇಜಾರಾದೋನು

ಈಗ ಮಜಾ ಬಂತು.

ಆರನೇ ಬೀಗದಕೈ

ಮೂರು ವಾರ ಆಯಿತು. ಕೆಲವರು ಏನಾಯಿತು ಅಂತ ಕೇಳಿದ್ದೀರಿ.

ಪೆನ್ಸಿಲ್ ಹಿಡಿದು ಕೂತೆವು. ಪಣ ಕಟ್ಟಿದವರು ಗೆದ್ದಿರಿ. ಎಲ್ಲರೂ ಚಿಕ್ಕದು ಅಂತ ಒಪ್ಪಿದ ನಿಯಮ ಒಂದೂ ಸಿಗಲಿಲ್ಲ. ಪ್ರತಿಯೊಂದಕ್ಕೂ ಇದು ದೊಡ್ಡದು ಅನ್ನುವ ಒಬ್ಬರು ಇದ್ದರು. ಹಾಗಾದರೆ ಪಕ್ಕದಲ್ಲಿ ನಿಮ್ಮ ಹೆಸರು ಬರೆಯಿರಿ, ಯಾಕೆ ಅಂತಲೂ ಬರೆಯಿರಿ ಅಂದೆವು. ಪಟ್ಟಿ ಬರೆಯೋರು ಪೆನ್ನು ಮುಟ್ಟಲ್ಲ ಅಂತ ಕೈ ಕಟ್ಟಿಕೊಂಡು ಕೂತರು. ಲ್ಯಾಮಿನೇಟ್ ಮೇಲೆ ಪೆನ್ಸಿಲ್ ಹತ್ತುವುದಿಲ್ಲ. ಅದನ್ನು ಕಿತ್ತು ಹಾಕಲು ಅರ್ಧ ಗಂಟೆ ಹಿಡಿಯಿತು.

22ರ ಪಕ್ಕ, ಅಂದರೆ ರಾತ್ರಿ ನಗುವ ನಿಯಮದ ಪಕ್ಕ, ಅಡುಗೆಮನೆಗೆ ತಾಗಿದ ರೂಮಿನವರು ಬರೆದರು: "ನನ್ನ ಕೆಲಸ ಬೆಳಗಿನ ಜಾವ 4ಕ್ಕೆ ಶುರು. ಗೋಡೆ ತೆಳು. ನೀವು ನಗುವುದು ನನ್ನನ್ನು ನೋಡಿ ಅಂತ ಅನ್ನಿಸುತ್ತಿತ್ತು." ಎರಡು ವರ್ಷ ಒಂದೇ ಮನೆಯಲ್ಲಿದ್ದೇವೆ. ಅವರು 4ಕ್ಕೆ ಏಳುವುದು ನಮ್ಮಲ್ಲಿ ಇಬ್ಬರಿಗಷ್ಟೇ ಗೊತ್ತಿತ್ತು. ಲೋಟದ ಹಿಡಿಯ ನಿಯಮ ಒಬ್ಬರು ಕತ್ತಲಲ್ಲಿ ನೀರಿಗೆ ಅಂತ ಕೈ ಚಾಚಿ ಲೋಟ ಬೀಳಿಸಿ ಕಾಲಿಗೆ ಗಾಜು ಚುಚ್ಚಿಸಿಕೊಂಡ ಮೇಲೆ ಬಂದದ್ದಂತೆ. ಎಡಗೈಯವರು ಅದನ್ನು ಓದಿ ಸುಮ್ಮನಾದರು. ಆಮೇಲೆ "ಅಲ್ಲಿ ಒಂದು ಸಣ್ಣ ದೀಪ ಹಾಕಿದರೆ ಆಗುತ್ತಿತ್ತಲ್ಲ" ಅಂದರು. ಹಾಕಿದೆವು.

47 ಯಾರದ್ದು ಅಂತ ಕೇಳಿದಾಗ ಎಲ್ಲರೂ ಮುಖ ಮುಖ ನೋಡಿಕೊಂಡರು. ಒಬ್ಬರು ಒಂದು ದಿನ ತಮಾಷೆಗೆ ಅಂದದ್ದಂತೆ, ಇಷ್ಟು ನಿಯಮ ಆದ ಮೇಲೆ ಪರದೆ ಬಣ್ಣ ಒಂದು ಬಾಕಿ ಅಂತ. ಅದು ಪಟ್ಟಿಗೆ ಹತ್ತಿಬಿಟ್ಟಿತ್ತು. ಹೊಡೆದು ಹಾಕಿದೆವು. ಅಷ್ಟರಲ್ಲಿ ಇಬ್ಬರು ಬೂದು ಪರದೆ ಹೊಲಿಸಿಯಾಗಿತ್ತು.

ಬಚ್ಚಲ ಹಾಡಿನವರ ಹತ್ತಿರ ನಾನೇ ಹೋಗಿ ಮಾತಾಡಿದೆ. ಕಿವಿ ಕೆಂಪಾಯಿತು, ನನ್ನದು. ಅವರು ಏಳು ಗಂಟೆ ಮೇಲೆ ಹಾಡುತ್ತೇನೆ ಅಂದರು. ಮೂರನೇ ಸಾಲು ನಾನು ಹೇಳಿಕೊಟ್ಟೆ.

ಪೈಪು ಸರಿಯಾಯಿತು. ನಿಯಮದಂತೆ ಇಬ್ಬರು ಕೂತೆವು, ಒಬ್ಬರು ಟಾರ್ಚ್ ಹಿಡಿದು, ಒಬ್ಬರು ಬಿಚ್ಚಿ. ವಾಷರ್ ಸೀಳಿತ್ತು, ನೀವು ಹೇಳಿದ ಹಾಗೇ. ಹತ್ತು ನಿಮಿಷ ಅಲ್ಲ, ನಲವತ್ತು ಹಿಡಿಯಿತು, ಮೊದಲು ತಂದದ್ದು ಅಳತೆ ತಪ್ಪಿತ್ತು. ಮಂಗಳವಾರ ಪಾಳಿಯವರು ಎಂದಿನಂತೆ ಬಂದರು, ಒಣಗಿದ ಬಕೆಟ್ ಎತ್ತಿಕೊಂಡು ಹೋದರು, ಬಚ್ಚಲಲ್ಲಿ ಬೋರಲು ಹಾಕಿದರು, ವಾಪಸ್ ತಂದಿಟ್ಟು ಪುಸ್ತಕದಲ್ಲಿ ಸಹಿ ಹಾಕಿದರು.

ಸುಮ್ನೆ ಓದೋಳು

38? ಆ ಕುರ್ಚಿ?

ಆರನೇ ಬೀಗದಕೈ

ಅದಕ್ಕೆ ಮಾತ್ರ ಯಾರೂ ಹೆಸರು ಬರೆಯಲಿಲ್ಲ. ನಾನು ಬರುವ ಮೊದಲಿನಿಂದ ಇದ್ದವರು ಒಬ್ಬರು ಹೇಳಿದ್ದಂತೆ, ಅವರು ಮನೆ ಬಿಟ್ಟು ಒಂದು ವರ್ಷದ ಮೇಲಾಯಿತು. ಯಾರದ್ದೂ ಅಲ್ಲದ ನಿಯಮ ತಾನೇ, ತೆಗೆಯೋಣ ಅಂದೆ. ಎಲ್ಲರೂ ಸರಿ ಅಂದರು. ಆದರೆ ಯಾರೂ ಎದ್ದು ಹೋಗಲಿಲ್ಲ. ಕೊನೆಗೆ ನಾನೇ ಹೋಗಿ ಎತ್ತಿದೆ.

ಕೆಳಗೆ ಟೈಲ್ಸ್ ಒಡೆದಿದೆ. ಪಾದ ಇಟ್ಟರೆ ಕೊಯ್ಯುವ ಹಾಗೆ ಒಂದು ಮೂಲೆ ಮೇಲೆದ್ದಿದೆ. ಕುರ್ಚಿಯ ನಾಲ್ಕು ಕಾಲು ಅದರ ಸುತ್ತ ಸರಿಯಾಗಿ ಕೂತಿದ್ದವು. ಎಲ್ಲರೂ ಬಗ್ಗಿ ನೋಡಿದೆವು. ಕುರ್ಚಿಯನ್ನು ಅದೇ ಗುರುತಿನ ಮೇಲೆ ವಾಪಸ್ ಇಟ್ಟೆ. 38ರ ಪಕ್ಕ "ಟೈಲ್ಸ್ ಒಡೆದಿದೆ" ಅಂತ ಬರೆದೆವು.

ನಲ್ಲಿ ರಿಪೇರಿ

ನಿರ್ವಾಹಕರು ಕ್ಷಮಿಸಬೇಕು. ಟೈಲ್ಸ್ ಕೆಲಸವೂ ನನಗೆ ಗೊತ್ತು. ಒಡೆದದ್ದು ಒಂದೇನಾ? ಎಷ್ಟು ಅಗಲ?

ಆರನೇ ಬೀಗದಕೈ

ಅಳತೆ ತೆಗೆಯಬೇಕಾದರೆ ಕುರ್ಚಿ ಮತ್ತೆ ಎತ್ತಬೇಕು. ಭಾನುವಾರ ಸಭೆ ಇದೆ, ಕೇಳಿ ಹೇಳುತ್ತೇನೆ.